ರೇಣುಕಾಳ ಫಿಟ್‌ನೆಸ್ ಫಾರಂ

ಆಗೆಲ್ಲ ಕಾಮಾಕ್ಷಿಪಾಳ್ಯದ ನಮ್ಮ ಬೀದಿಯಲ್ಲಿ ಯಾರ ಮನೆಗೆ ಯಾವ ಅರ್ಜಿ ಬಂದರೂ ಅದು ಮೊದಲು ನನ್ನ ಕೈಗೆ ಬರುತ್ತಿತ್ತು. ರೇಷನ್ ಕಾರ್ಡು, ಗ್ಯಾಸ್ ಕನೆಕ್ಷನ್ನು, ಗಾರ್ಮೆಂಟ್ಸಿನವರ ಪಿ.ಎಫ್. ಫಾರಂ, ಎಲ್ಲ. ನನಗೆ ಹದಿಮೂರು ವರ್ಷ, ಎಂಟನೇ ಕ್ಲಾಸು. ಅಕ್ಷರ ದುಂಡಗಿತ್ತು ಅನ್ನುವುದೊಂದೇ ನನ್ನ ಅರ್ಹತೆ. ಹೊಲಿಗೆ ಅಂಗಡಿಯ ನಮ್ಮಪ್ಪ ಬಟ್ಟೆ ಕೊಡಲು ಬಂದವರಿಗೆಲ್ಲ ನನ್ನ ಕಾಪಿ ಪುಸ್ತಕ ತೆರೆದು ತೋರಿಸಿ "ನೋಡಿ, ಮುತ್ತು ಪೋಣಿಸ್ದಂಗೆ ಬರೀತಾಳೆ" ಅನ್ನುತ್ತಿದ್ದರು. ಕೇಳಿ ಕೇಳಿ ನನಗೂ ಜಂಬ ಬಂದಿತ್ತು. ದೊಡ್ಡವರನ್ನು ಎದುರಿಗೆ ಕೂರಿಸಿಕೊಂಡು, ತಾಲ್ಲೂಕು ಕಚೇರಿ ಗುಮಾಸ್ತರ ಥರ ಒಂದೊಂದೇ ಪ್ರಶ್ನೆ ಕೇಳಿ ಬರೆಯುತ್ತಿದ್ದೆ. ಈಗ ಹೇಳುತ್ತಿರುವುದು ಆ ಜಂಬ ಮಾಡಿದ ಕೆಲಸದ ಕಥೆ.

ಶಿವರಾತ್ರಿ ಕಳೆದು ಬಿಸಿಲು ಬಲಿಯುತ್ತಿದ್ದ ದಿನಗಳು. ಬೆಳಗ್ಗೆ ಬೀದಿಗಿಳಿದರೆ ಅಗರಬತ್ತಿ ಹೊಸೆಯುವ ಮನೆಗಳ ಮುಂದೆ ಕಡ್ಡಿ ಒಣಗಲು ಹಾಕಿದ ಸಿಹಿ ವಾಸನೆ, ಅದರ ಪಕ್ಕಕ್ಕೇ ಲೇತ್ ಮೆಷಿನ್ನಿನ ಎಣ್ಣೆ ವಾಸನೆ. ಎರಡೂ ಸೇರಿದ ಆ ವಾಸನೆ ನಮ್ಮ ಯೂನಿಫಾರಮ್ಮಿಗೇ ಹತ್ತಿಕೊಂಡಿರುತ್ತಿತ್ತು, ಬೇರೆ ಸ್ಕೂಲಿನ ಹುಡುಗಿಯರು ಮೂಗು ಮುಚ್ಚಿಕೊಂಡು ಚುಡಾಯಿಸುತ್ತಿದ್ದರು. ಆರು ಗಂಟೆಗೆ ಶಾಲೆಯ ಹಿಂದಿನ ಮೈದಾನದಲ್ಲಿ ನಾಗರಾಜ ಮೇಷ್ಟ್ರ ಸೀಟಿ ಕೇಳುತ್ತಿತ್ತು. ಅವರು ನಮ್ಮ ಪಿ.ಟಿ. ಮೇಷ್ಟ್ರು. ಮೈದಾನದ ಅರ್ಧ ಜಾಗ ನೀರಿನ ಟ್ಯಾಂಕರುಗಳದ್ದು, ಉಳಿದರ್ಧದಲ್ಲಿ ಎರಡು ಕಂಬ ನೆಟ್ಟು ಖೋ-ಖೋ. ಆಟ ಮುಗಿದ ಮೇಲೆ ಮೇಷ್ಟ್ರು ಎಲ್ಲರ ಅಂಗೈಗೆ ಒಂದೊಂದು ಚಮಚ ಗ್ಲೂಕೋಸ್ ಪುಡಿ ಸುರಿಯುತ್ತಿದ್ದರು. ನೆಕ್ಕಿದರೆ ನಾಲಿಗೆ ತಣ್ಣಗಾಗುತ್ತಿತ್ತು. ಗೇಟಿನಾಚೆ ತಳ್ಳುಗಾಡಿಯಲ್ಲಿ ಉಪ್ಪುಖಾರ ಹಚ್ಚಿದ ಮಾವಿನಕಾಯಿ. ಒಂದು ಹೋಳನ್ನು ಇಬ್ಬರು ಕಚ್ಚಿಕೊಂಡು ತಿನ್ನುತ್ತಿದ್ದೆವು, ನಾನು ಮತ್ತು ರೇಣುಕಾ.

ರೇಣು ಗದಗಿನ ಕಡೆಯವಳು. ನಾಲ್ಕನೇ ಕ್ಲಾಸಿನಲ್ಲಿ ಬಂದು ನನ್ನ ಬೆಂಚಿನಲ್ಲಿ ಕೂತವಳು ಎಂಟಕ್ಕೆ ಬಂದರೂ ಎದ್ದಿರಲಿಲ್ಲ. ಅವಳ ಅಪ್ಪ ಸೆಂಟ್ರಿಂಗ್ ಕೆಲಸಕ್ಕೆ ಹೋದ ಕಡೆಯೇ ತಿಂಗಳುಗಟ್ಟಲೆ ಉಳಿದುಬಿಡುತ್ತಿದ್ದ. ಅಮ್ಮ ಶಾಂತವ್ವ ಗಾರ್ಮೆಂಟ್ಸಿನಲ್ಲಿ ಹೆಲ್ಪರ್. ಜೊತೆಗೆ ಒಬ್ಬ ತಮ್ಮ. ಶಾಂತವ್ವನನ್ನು ಬೀದಿಯವರು "ಹುಬ್ಳಿ ಆಂಟಿ" ಅನ್ನುತ್ತಿದ್ದರು, ಆಕೆ ಹುಬ್ಬಳ್ಳಿಯಲ್ಲಿ ಒಂದು ದಿನವೂ ಇದ್ದವಳಲ್ಲ. ನಲ್ಲಿಯ ಹತ್ತಿರ ಆಕೆಯ ಕೊಡ ಯಾವಾಗಲೂ ಕೊನೆಗೇ ಇರುತ್ತಿತ್ತು. ಯಾರೂ ಹಾಗೆ ಇಡು ಅಂದಿರಲಿಲ್ಲ, ಆದರೂ ಇರುತ್ತಿತ್ತು.

ರೇಣು ಓಡುವುದನ್ನು ಹೇಗೆ ಹೇಳಲಿ. ಅಟ್ಟಿಸಿಕೊಂಡು ಹೋದವಳು ಇನ್ನೇನು ಮುಟ್ಟಿದೆ ಅಂದುಕೊಳ್ಳುವಷ್ಟರಲ್ಲಿ ಇವಳು ಸೊಂಟ ಹೊರಳಿಸಿ ಕಂಬದ ಆ ಕಡೆಗೆ ಜಾರಿರುತ್ತಿದ್ದಳು. ಹಿಡಿಯಲು ಹೋದವಳು ಮಣ್ಣಿನಲ್ಲಿ ಬಿದ್ದಿರುತ್ತಿದ್ದಳು, ಹೆಚ್ಚಿನ ಸಲ ಅದು ನಾನೇ. ಕಡುಕೋಪದ ಮೇಷ್ಟ್ರೂ ಅವಳು ಆಡುವಾಗ ಸೀಟಿಯನ್ನು ಬಾಯಲ್ಲಿಟ್ಟುಕೊಂಡು ಊದುವುದನ್ನೇ ಮರೆತು ನಿಂತುಬಿಡುತ್ತಿದ್ದರು.

ಆ ವರ್ಷ ನಮ್ಮ ಟೀಮಿನ ಹನ್ನೆರಡು ಹುಡುಗಿಯರಿಗೂ ಕ್ರೀಡಾ ಹಾಸ್ಟೆಲಿನ ಆಯ್ಕೆಗೆ ಕರೆ ಬಂತು. ಆಯ್ಕೆಯಾದರೆ ಒಂಬತ್ತನೇ ಕ್ಲಾಸಿನಿಂದ ಅಲ್ಲೇ ಓದು, ಅಲ್ಲೇ ಆಟ, ಎರಡು ಹೊತ್ತು ಮೊಟ್ಟೆ. ಮೇಷ್ಟ್ರು ನಮ್ಮನ್ನೆಲ್ಲ ಸಾಲಾಗಿ ನಿಲ್ಲಿಸಿ ಮುಚ್ಚುಮರೆಯಿಲ್ಲದೆ ಹೇಳಿದರು. "ನಿಮ್ಮಲ್ಲಿ ಹನ್ನೊಂದು ಜನ ಊರು ನೋಡ್ಕೊಂಡು ಬರ್ತೀರಾ. ಇವಳೊಬ್ಬಳು ಮಾತ್ರ ಅಲ್ಲೇ ಇರ್ತಾಳೆ." ಅವಳಿಗೆ ಅದೊಂದೇ ಅವಕಾಶ. ಮುಂದಿನ ವರ್ಷ ವಯಸ್ಸು ಮೀರುತ್ತಿತ್ತು. ಹಾಸ್ಟೆಲ್ ಸಿಗದಿದ್ದರೆ ಶಾಂತವ್ವ ಮಗಳನ್ನು ಎಷ್ಟು ದಿನ ಓದಿಸಿಯಾಳು ಅನ್ನುವುದು ಬೀದಿಗೆಲ್ಲ ಗೊತ್ತಿದ್ದದ್ದೇ. ನಾನು ಟೀಮಿನಲ್ಲಿ ಹನ್ನೆರಡನೆಯವಳು, ಯಾರಾದರೂ ಕಾಲು ಉಳುಕಿಸಿಕೊಂಡರೆ ಮಾತ್ರ ಇಳಿಯುವವಳು.

ಇದಕ್ಕೆ ಹದಿನೈದು ದಿನದ ಹಿಂದೆ ಬೀದಿಯಲ್ಲಿ ಅಣ್ಣಮ್ಮ ದೇವಿಯನ್ನು ಕೂರಿಸಿದ್ದರು. ಬೆಂಗಳೂರಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ರಸ್ತೆಗೆ ಅಡ್ಡಲಾಗಿ ಪೆಂಡಾಲು, ಮೂರು ದಿನ ಪೂಜೆ, ಕೊನೆಯ ದಿನ ತಲೆಯ ಮೇಲೆ ತಂಬಿಟ್ಟಿನ ಆರತಿ ಹೊತ್ತ ಹೆಂಗಸರ ಸಾಲು, ಮುಂದೆ ತಮಟೆ. ದೊಡ್ಡ ಹೆಂಗಸರಿಗೆ ಉಪವಾಸ. ಹುಡುಗಿಯರು ಮಾತ್ರ ಮನೆಯಲ್ಲಿ ಹೊಟ್ಟೆ ತುಂಬ ಉಂಡೇ ಬರಬೇಕು ಅನ್ನುವುದು ನಮ್ಮ ಬೀದಿಯ ಕಟ್ಟುಪಾಡು. ಭಾನುವಾರ ಮಧ್ಯಾಹ್ನ ಮೂರು ಗಂಟೆ, ಬರಿಗಾಲು, ಕಾದ ಟಾರು. ರೇಣು ನನ್ನ ಮುಂದೆ ನಡೆಯುತ್ತಿದ್ದಳು. ಇದ್ದಕ್ಕಿದ್ದಂತೆ ಅವಳ ಆರತಿ ಓಲಾಡಿತು, ಮೈ ನಡುಗಿತು, ಕಣ್ಣು ಮೇಲಕ್ಕೆ ಸಿಕ್ಕಿಕೊಂಡಿತು, ಕುಸಿದಳು. ತಮಟೆಯವರು ಜೋರಾಗಿ ಬಾರಿಸಿದರು. ಯಾರೋ "ಅಮ್ಮ ಬಂದ್ಳು" ಅಂದರು. ಅಷ್ಟು ಸಾಕಾಯಿತು. ನೀರು ಹಾಕಿ, ಬೇವಿನಸೊಪ್ಪಿನಲ್ಲಿ ಗಾಳಿ ಬೀಸಿ, ಅರಿಸಿನ ಹಚ್ಚಿ ಅವಳನ್ನು ಕೂರಿಸಿದರು. ಬೀದಿಗೇ ದೊಡ್ಡ ಮನೆಯ ಕಂಟ್ರಾಕ್ಟರ ಹೆಂಡತಿಯೇ ಬಂದು ಕಾಲು ಮುಟ್ಟಿ ನಮಸ್ಕಾರ ಮಾಡಿದಳು. ಶಾಂತವ್ವ ಓವರ್‌ಟೈಮ್ ಮುಗಿಸಿ ಬರುವಷ್ಟರಲ್ಲಿ ಬೀದಿಯೇ ಆಕೆಗೆ ದಾರಿ ಬಿಟ್ಟು ನಿಂತಿತ್ತು. ಮಾರನೆಯ ಬೆಳಗ್ಗೆಯಿಂದ ನಲ್ಲಿಯಲ್ಲಿ ಆಕೆಯ ಕೊಡ ಮೊದಲು ತುಂಬತೊಡಗಿತು. "ನೀವು ಹಿಡ್ಕೊಳಿ ಶಾಂತಮ್ಮೋರೇ" ಅನ್ನುತ್ತಿದ್ದರು.

ಫಾರಂಗಳು ಬಂದದ್ದು ಆಮೇಲೆ. ಕ್ರೀಡಾಪಟುವಿನ ವೈದ್ಯಕೀಯ ಅರ್ಹತಾ ಪತ್ರ ಅಂತ ಮೇಲೆ ಅಚ್ಚಾಗಿತ್ತು, ಬಾಯಲ್ಲಿ ಎಲ್ಲರೂ ಫಿಟ್‌ನೆಸ್ ಫಾರಂ ಅನ್ನುತ್ತಿದ್ದರು. ಪ್ರತಿಯೊಂದಕ್ಕೂ ನಂಬರು, ಒಬ್ಬರಿಗೆ ಒಂದೇ. ಮೊದಲ ಪುಟವನ್ನು ಮನೆಯವರು ತುಂಬಬೇಕು, ಎರಡನೆಯದರಲ್ಲಿ ಡಾಕ್ಟರ ಸಹಿ. ಮನೆಯವರು ತುಂಬುವುದೆಂದರೆ ನಾನು ತುಂಬುವುದು. ಮೇಷ್ಟ್ರು ಹನ್ನೆರಡನ್ನೂ ನನ್ನ ಕೈಗೆ ಕೊಟ್ಟು "ಒಂದು ಕಾಲಮ್ಮೂ ಖಾಲಿ ಬಿಡ್ಬೇಡ ಕಣಮ್ಮ, ವಾಪಸ್ ಕಳಿಸ್ತಾರೆ" ಅಂದರು.

ಮೈದಾನದ ಕಟ್ಟೆಯ ಮೇಲೆ ಕೂತು ಬರೆದೆ. ಎತ್ತರ, ತೂಕ, ದಡಾರ ಬಂದಿತ್ತೇ, ಮೂಳೆ ಮುರಿದಿತ್ತೇ. ಅದರಲ್ಲೊಂದು ಪ್ರಶ್ನೆ ಹೀಗಿತ್ತು: ಹಿಂದೆ ಎಂದಾದರೂ ಪ್ರಜ್ಞೆ ತಪ್ಪಿ ಬಿದ್ದದ್ದು, ಮೈ ನಡುಗಿದ್ದು ಉಂಟೇ? ಉಂಟಾದರೆ ವಿವರಿಸಿ. ಹನ್ನೊಂದು ಫಾರಂಗಳಲ್ಲಿ "ಇಲ್ಲ" ಅಂತ ಬರೆದೆ. ರೇಣುದು ಬಂದಾಗ ಪೆನ್ನು ನಿಂತಿತು.

"ರೇಣೂ, ಅಣ್ಣಮ್ಮ ಬಂದಿದ್ದು ಬರೀಲೇನೇ?" ಅಂತ ಕೂಗಿ ಕೇಳಿದೆ.

ಅವಳು ಕಂಬದ ಸುತ್ತ ಓಡುತ್ತಲೇ "ನಿನಗ ತಿಳಿದಂಗ ಬರಿ" ಅಂದಳು. ಅವಳಿಗೆ ಕಾಗದದ ಮೇಲೆ ಏನಿದ್ದರೂ ಒಂದೇ, ಅದು ನನ್ನ ಇಲಾಖೆ.

ನಾನು ಯೋಚಿಸಿದೆ. ದೇವಿ ಬಂದಿದ್ದನ್ನು ಇಲ್ಲ ಅಂತ ಬರೆದರೆ ಪಾಪ ಸುತ್ತಿಕೊಳ್ಳುತ್ತದೆ ಅನ್ನುವ ಭಯ ಒಂದು. ಇನ್ನೊಂದು, ಇದು ಅವಳ ಹೆಚ್ಚುಗಾರಿಕೆ, ಸರ್ಕಾರಕ್ಕೂ ತಿಳಿದರೆ ಒಳ್ಳೆಯದೇ ಅನ್ನುವ ನನ್ನ ಬುದ್ಧಿವಂತಿಕೆ. ಎನ್.ಸಿ.ಸಿ. ಮಾಡಿದವರು ಅದನ್ನು ಬರೆಯುವುದಿಲ್ಲವೇ, ಹಾಗೆ. ಚೆಂದದ ಅಕ್ಷರದಲ್ಲಿ, ಸಾಲು ಸೊಟ್ಟಗಾಗದಂತೆ ಬರೆದೆ: "ಉಂಟು. ಒಂದು ಸಲ. ಅಣ್ಣಮ್ಮ ದೇವಿ ಮೈಮೇಲೆ ಬಂದಾಗ." ನನ್ನೊಳಗೆ ಹೊಟ್ಟೆಕಿಚ್ಚೂ ಇತ್ತೇ ಅಂತ ಆಮೇಲೆ ನೂರು ಸಲ ಕೇಳಿಕೊಂಡಿದ್ದೇನೆ. ಇರಲಿಲ್ಲ ಅಂತ ಎದೆ ಮುಟ್ಟಿ ಹೇಳಲಾರೆ.

ಮಾಗಡಿ ರಸ್ತೆಯ ಕ್ಲಿನಿಕ್ಕಿನ ಮುದುಕ ಡಾಕ್ಟರು ವರ್ಷ ವರ್ಷವೂ ನಮ್ಮ ಫಾರಂಗಳಿಗೆ ಸಹಿ ಹಾಕುತ್ತಿದ್ದವರು. ಟೀ ಆರುವುದರೊಳಗೆ ಮೂವತ್ತು ಸಹಿ, ಯಾರ ಮುಖವನ್ನೂ ಎತ್ತಿ ನೋಡುತ್ತಿರಲಿಲ್ಲ. ಆ ಸಲ ಅವರು ಕಣ್ಣಿನ ಆಪರೇಷನ್ ಮಾಡಿಸಿಕೊಂಡು ಮನೆಯಲ್ಲಿದ್ದರು. ಅವರ ಕುರ್ಚಿಯಲ್ಲಿ ಸೊಸೆ ಕೂತಿದ್ದಳು. ಹೊಸದಾಗಿ ಓದು ಮುಗಿಸಿದ ಡಾಕ್ಟರು. ಒಬ್ಬೊಬ್ಬರನ್ನೇ ಒಳಗೆ ಕರೆದು, ಎದೆಗೆ ಸ್ಟೆತಾಸ್ಕೋಪು ಇಟ್ಟು, ಫಾರಮ್ಮಿನ ಪ್ರತಿ ಸಾಲನ್ನೂ ಬೆರಳಿಟ್ಟು ಓದಿದಳು. ರೇಣುವಿನ ಫಾರಂ ಮೇಲೆ ಬೆರಳು ನಿಂತಿತು.

"ಇದನ್ನ ಯಾರು ನೋಡಿದ್ದು?"

ಬಾಗಿಲಲ್ಲಿ ತಲೆ ತೂರಿಸಿ ನಿಂತಿದ್ದ ನಾವೆಲ್ಲ ಒಟ್ಟಿಗೆ ಕೈ ಎತ್ತಿದೆವು. ದೇವಿ ಬಂದದ್ದನ್ನು ಕಂಡವರು ನಾವು, ಡಾಕ್ಟರೇ ಕೇಳುತ್ತಿದ್ದಾರೆ, ಸುಮ್ಮನಿರುತ್ತೇವೆಯೇ.

"ಕೈಕಾಲು ಅಲುಗಾಡ್ತಾ?"

"ಹೂಂ ಮೇಡಂ, ಮೈಯೆಲ್ಲಾ ಗಡಗಡ ಅಂತು."

"ಕಣ್ಣು?"

"ಮೇಲಕ್ಕೆ ಹೋಯ್ತು ಮೇಡಂ. ಬರೀ ಬಿಳೀದು ಕಾಣ್ತಿತ್ತು."

"ಬಾಯಲ್ಲಿ ನೊರೆ?"

ನೊರೆ ಬಂದಿರಲಿಲ್ಲ. ಆದರೆ ಲಲಿತಾ ಅನ್ನುವವಳು "ಸ್ವಲ್ಪ ಬಂದಿತ್ತು" ಅಂದಳು. ಬಂದಿದ್ದರೆ ಇನ್ನೂ ಚೆನ್ನಾಗಿರುತ್ತಿತ್ತು ಅಂತ ಅವಳಿಗೆ ಅನ್ನಿಸಿರಬೇಕು. ಯಾರೂ ಅಲ್ಲಗಳೆಯಲಿಲ್ಲ. ಎಲ್ಲರ ಮುಖದಲ್ಲೂ ಹೆಮ್ಮೆ.

ಡಾಕ್ಟರು ಮೇಷ್ಟ್ರನ್ನು ಒಳಗೆ ಕರೆದಳು. "ಸಾರ್, ಇದು ಫಿಟ್ಸ್ ಇರಬಹುದು. ಓಡುವಾಗ ಬಂದು ಬಿದ್ದರೆ ಯಾರು ಜವಾಬ್ದಾರಿ? ದೊಡ್ಡಾಸ್ಪತ್ರೆಲಿ ತಲೆದು ಟೆಸ್ಟ್ ಮಾಡಿಸಿ ರಿಪೋರ್ಟ್ ತನ್ನಿ, ಸೈನ್ ಹಾಕ್ತೀನಿ." ಎರಡನೆಯ ಪುಟದಲ್ಲಿ ಕೆಂಪು ಇಂಕಿನಲ್ಲಿ ಹಾಗೆಯೇ ಬರೆದಳು. ಅವಳನ್ನು ನಾನು ಯಾವತ್ತೂ ಬೈದುಕೊಂಡಿಲ್ಲ. ನಮ್ಮ ಫಾರಂಗಳನ್ನು ಓದಿದ ಮೊದಲ ಡಾಕ್ಟರು ಅವಳೇ.

ಆಯ್ಕೆಗೆ ಇನ್ನು ಒಂಬತ್ತು ದಿನ. ದೊಡ್ಡಾಸ್ಪತ್ರೆಯಲ್ಲಿ ಟೆಸ್ಟಿಗೆ ಕೊಟ್ಟ ತಾರೀಕು ಎರಡು ತಿಂಗಳಾಚೆಗಿತ್ತು. ಮೇಷ್ಟ್ರು ಇನ್ನಿಬ್ಬರು ಡಾಕ್ಟರ ಹತ್ತಿರ ಹೋದರು. ಒಬ್ಬರು ತಡೆ ಹಾಕಿದ ಮೇಲೆ ಇನ್ನೊಬ್ಬರು ಸಹಿ ಹಾಕಲು ಒಪ್ಪಲಿಲ್ಲ. ಬೇರೆ ಫಾರಂ ಕೊಡಿ ಅಂತ ಕ್ರೀಡಾ ಕಚೇರಿಗೆ ಹೋಗಿ ಎರಡು ದಿನ ಬೆಂಚು ಕಾದು ಬರಿಗೈಯಲ್ಲಿ ಬಂದರು. ನನ್ನನ್ನು ಒಂದು ಮಾತೂ ಬೈಯಲಿಲ್ಲ. "ನಾನು ಒಂದ್ಸಲ ಓದ್ಬೇಕಿತ್ತು ಕಣಮ್ಮ" ಅಂದರು, ಅಷ್ಟೇ. ಬೈದಿದ್ದರೆ ಎಷ್ಟೋ ಹಗುರಾಗುತ್ತಿತ್ತು.

ಮೂರನೆಯ ದಿನ ಸಂಜೆ ಟ್ಯಾಂಕರ್ ನೆರಳಿನಲ್ಲಿ ಕೂತಿದ್ದಾಗ ರೇಣು ತಾನಾಗಿ ಹೇಳಿದಳು.

"ಅವತ್ತ ನಾ ಏನೂ ಉಂಡಿದ್ದಿಲ್ಲ ಮಂಜಿ. ಹಿಂದಿನ ದಿನ ರಾತ್ರಿನೂ ಉಂಡಿದ್ದಿಲ್ಲ. ಮನ್ಯಾಗ ಒಂದು ರೊಟ್ಟಿ ಇತ್ತು, ತಮ್ಮಗ ಕೊಟ್ಟೆ. ನಡೀತಾ ನಡೀತಾ ಕಣ್ಣಿಗೆ ಕತ್ತಲಿ ಬಂದಂಗಾತು."

"ಮತ್ತೆ ಅವತ್ತೇ ಯಾಕೆ ಹೇಳ್ಲಿಲ್ಲ ನೀನು?"

"ಕಣ್ಣು ತಗದು ನೋಡಿದ್ರ ಎಲ್ಲಾರೂ ಕೈ ಮುಗದು ನಿಂತಿದ್ರು. ಆಮ್ಯಾಲೆ ಅವ್ವನೂ ಬಂದು ಮುಗದ್ಲು. ಏನಂತ ಹೇಳ್ಲಿ?"

ಅವಳ ಕೈ ಹಿಡಿದು ಎಳೆದುಕೊಂಡೇ ಮೇಷ್ಟ್ರ ಹತ್ತಿರ ಓಡಿದೆ. ಮೇಷ್ಟ್ರು ಕೇಳಿ ಕೊರಳಿನ ಸೀಟಿ ತೆಗೆದು ಜೇಬಿಗೆ ಹಾಕಿಕೊಂಡರು. ದಿನಾ ಬೆಳಗ್ಗೆ ಅವಳನ್ನು ಓಡಿಸುತ್ತಿದ್ದವರು ಅವರು. ಕ್ಲಿನಿಕ್ಕಿಗೆ ಹೋಗಿ ವಿಷಯ ತಿಳಿಸಿದಾಗ ಡಾಕ್ಟರ ಮುಖವೂ ಸಡಿಲವಾಯಿತು. ಹಸಿವಿನಲ್ಲಿ ತಲೆಸುತ್ತಿ ಬಿದ್ದಿದ್ದರೆ ಅದು ಬೇರೆ ಮಾತು, ಆದರೆ ಮಕ್ಕಳ ಮಾತಿನ ಮೇಲೆ ಬರೆಯಲಾರೆ, ಮೊನ್ನೆ ನೊರೆ ಬಂತು ಅಂದವರೂ ಈ ಮಕ್ಕಳೇ, ತಾಯಿ ಬಂದು ನನ್ನೆದುರು ಹೇಳಲಿ, ಅವತ್ತೇ ಸಹಿ ಹಾಕುತ್ತೇನೆ ಅಂದಳು. ಅವಳು ಹೇಳಿದ್ದು ನ್ಯಾಯವೇ. ನಮಗೆ ಗೆದ್ದಷ್ಟು ಸಂತೋಷವಾಯಿತು. ದಾರಿಯಲ್ಲಿ ಮೇಷ್ಟ್ರು ಇಬ್ಬರಿಗೂ ಕಬ್ಬಿನ ಹಾಲು ಕುಡಿಸಿದರು.

ಶನಿವಾರ ಸಂಜೆ ಶಾಂತವ್ವ ಗಾರ್ಮೆಂಟ್ಸಿನಿಂದ ನೇರ ಕ್ಲಿನಿಕ್ಕಿಗೆ ಬಂದಳು. ಮುಖ ತೊಳೆದು, ದೊಡ್ಡ ಕುಂಕುಮ ಇಟ್ಟು, ಸೆರಗು ಹೊದ್ದಿದ್ದಳು. ಕೂದಲಿಗೆ ಅಂಟಿದ್ದ ದಾರದ ಎಳೆಗಳನ್ನು ರೇಣು ಬಾಗಿಲಲ್ಲೇ ಆರಿಸಿ ತೆಗೆದಳು. ಏನು ಹೇಳಬೇಕು ಅಂತ ಮೇಷ್ಟ್ರು ಮೊದಲೇ ಹೇಳಿದ್ದರು. ಆಕೆ ತಲೆ ಆಡಿಸಿದ್ದಳು. ಒಳಗೆ ಹೋದೆವು. ಕ್ಲಿನಿಕ್ಕಿನಲ್ಲಿ ಮರೆ ಅನ್ನುವುದು ಇರಲಿಲ್ಲ. ಬೆಂಚಿನ ಮೇಲೆ ಬೀದಿಯ ನಾಲ್ಕಾರು ಹೆಂಗಸರು ಮಕ್ಕಳನ್ನು ಮಡಿಲಲ್ಲಿಟ್ಟುಕೊಂಡು ಕೂತಿದ್ದರು, ಕಂಟ್ರಾಕ್ಟರ ಹೆಂಡತಿಯೂ ಇದ್ದಳು.

"ಬನ್ನಿ ಅಮ್ಮ, ಕೂತ್ಕೊಳಿ" ಅಂದಳು ಡಾಕ್ಟರು. "ನಿಮ್ಮ ಮಗಳು ಬಿದ್ದ ದಿನ ಊಟ ಮಾಡಿದ್ಲಾ?"

ಶಾಂತವ್ವ ಮೇಷ್ಟ್ರನ್ನು ನೋಡಿದಳು. ಆಮೇಲೆ ಬೆಂಚಿನ ಕಡೆ ನೋಡಿದಳು.

"ಉಂಡಿದ್ಲ್ರಿ" ಅಂದಳು.

ಡಾಕ್ಟರು ಪೆನ್ನು ಕೆಳಗಿಟ್ಟಳು. "ಸರಿಯಾಗಿ ನೆನಪು ಮಾಡ್ಕೊಳಿ. ಬೆಳಗ್ಗೆಯಿಂದ ಏನೂ ತಿಂದಿರ್ಲಿಲ್ಲ ಅಂತ ಕೇಳಿದೆ."

"ಯಾರ್ ಹೇಳಿದ್ರಿ? ಮುಂಜಾನೆ ಎರಡು ರೊಟ್ಟಿ, ಪಲ್ಯ, ಮಜ್ಜಿಗಿ. ನಾನಽ ಕೈಯಾರೆ ಬಡಿಸಿ ಹೋಗಿದ್ದೆ. ನಮ್ಮನ್ಯಾಗ ಮಕ್ಕಳನ್ನ ಉಪಾಸ ಕೆಡವಂಗಿಲ್ರಿ." ಆಕೆ ತಲೆ ಬಗ್ಗಿಸಲಿಲ್ಲ. "ಅಕಿ ಮೈಮ್ಯಾಲೆ ತಾಯಿ ಬಂದಿದ್ಲು. ಬೀದ್ಯಾಗ ಎಲ್ಲಾರೂ ನೋಡ್ಯಾರ."

ಬೆಂಚಿನ ಹೆಂಗಸರು ಹೌದು ಹೌದು ಅಂದರು. ಮೇಷ್ಟ್ರು "ಶಾಂತಮ್ಮ" ಅಂತ ಏನೋ ಹೇಳಲು ಹೋದರು. ಡಾಕ್ಟರು ಅವರಿಗೆ ಕೈ ತೋರಿಸಿ, ರೇಣುವಿನ ಕಡೆ ತಿರುಗಿ ಬಹಳ ಮೆತ್ತಗೆ ಕೇಳಿದಳು. "ನೀನು ಹೇಳಮ್ಮ. ಊಟ ಮಾಡಿದ್ಯಾ ಅವತ್ತು?"

ಇನ್ನೇನು ಹೇಳಿಬಿಡುತ್ತಾಳೆ ಅಂದುಕೊಂಡೆ. ಅವಳು ಅವ್ವನ ಮುಖ ನೋಡಿದಳು. ಶಾಂತವ್ವ ಮಗಳನ್ನು ನೋಡುತ್ತಿರಲಿಲ್ಲ, ಮೇಜಿನ ಮೇಲಿದ್ದ ಫಾರಮ್ಮನ್ನು ನೋಡುತ್ತಿದ್ದಳು, ಅದನ್ನು ಓದಲು ಆಕೆಗೆ ಬರುತ್ತಿರಲಿಲ್ಲ.

"ಹೌದ್ರಿ" ಅಂದಳು ರೇಣು. "ಉಂಡಿದ್ದೆ."

ನಾನು ಅಲ್ಲೇ ಇದ್ದೆ, ಒಂದು ಗೇಣು ದೂರದಲ್ಲಿ. ನನಗೆ ಬಾಯಿ ಬರಲಿಲ್ಲ. ದೊಡ್ಡವರ ಮಾತಿಗೆ ಎದುರಾಡಬಾರದು ಅನ್ನುವ ಭಯವೋ, ಬೆಂಚಿನ ಮೇಲಿದ್ದವರ ಮುಂದೆ ಆಕೆಯ ಮಾನ ತೆಗೆಯಬಾರದು ಅನ್ನುವ ತಿಳಿವಳಿಕೆಯೋ, ಇವತ್ತಿಗೂ ಬಿಡಿಸಲು ಬರುವುದಿಲ್ಲ. ಯಾರೂ ಕೇಳದಿದ್ದಾಗ ಅಷ್ಟು ಚೆಂದವಾಗಿ ಬರೆದವಳು, ಮಾತು ಬೇಕಿದ್ದಾಗ ಕಂಬದ ಹಾಗೆ ನಿಂತಿದ್ದೆ.

ಡಾಕ್ಟರು ಸಹಿ ಹಾಕದೆ ಫಾರಮ್ಮನ್ನು ಮೇಷ್ಟ್ರಿಗೆ ವಾಪಸ್ ಕೊಟ್ಟಳು. ಹೊರಗೆ ಬಂದ ಮೇಲೆ ಶಾಂತವ್ವ ಮಗಳ ತಲೆಯ ಮೇಲೆ ಕೈ ಇಟ್ಟಳು. "ನಡಿ, ಅನ್ನ ಮಾಡ್ತೀನಿ" ಅಂದಳು. ತಾಯಿ ಮಗಳು ಮುಂದೆ ನಡೆದರು. ಮೇಷ್ಟ್ರು ಫುಟ್‌ಪಾತಿನ ಮೇಲೆ ನಿಂತೇ ಇದ್ದರು, ಬಸ್ಸುಗಳು ಹೋಗುತ್ತಿದ್ದವು.

ನಾವು ಹನ್ನೊಂದು ಜನ ಆಯ್ಕೆಗೆ ಹೋದೆವು, ಹನ್ನೊಂದು ಜನವೂ ಊರು ನೋಡಿಕೊಂಡು ಬಂದೆವು. ರೇಣುವಿನ ಜಾಗದಲ್ಲಿ ಆಡಿದವಳು ನಾನು. ಎರಡೇ ನಿಮಿಷದಲ್ಲಿ ಔಟಾದೆ. ಎರಡು ತಿಂಗಳಾದ ಮೇಲೆ ಟೆಸ್ಟಿನ ತಾರೀಕು ಬಂದಾಗ ಶಾಂತವ್ವ ಮಗಳನ್ನು ಕರೆದುಕೊಂಡು ಹೋಗಲಿಲ್ಲ. ಹೋಗಿ ಇನ್ನೇನು ಆಗಬೇಕಿತ್ತು. ಅಷ್ಟರಲ್ಲಿ ಬೀದಿಯಲ್ಲಿ ಬೇರೆ ಮಾತು ಹುಟ್ಟಿತ್ತು. ಡಾಕ್ಟರೇ ಫಿಟ್ಸ್ ಅಂದ್ರಂತೆ ಅಂತ ಒಬ್ಬರಿಂದ ಒಬ್ಬರಿಗೆ ಹೋಗಿ, ನಲ್ಲಿಯ ಹತ್ತಿರ ಆ ಕೊಡ ಮೆಲ್ಲಗೆ ಹಿಂದಕ್ಕೆ ಸರಿಯಿತು. ಅಷ್ಟು ಕೊಟ್ಟು ಕಾಪಾಡಿಕೊಂಡ ಮಾನವೂ ಬೇಸಿಗೆ ಮುಗಿಯುವವರೆಗೆ ಬಾಳಲಿಲ್ಲ. ಒಂಬತ್ತನೇ ಕ್ಲಾಸಿನ ದಸರಾ ರಜೆ ಮುಗಿದ ಮೇಲೆ ರೇಣು ಸ್ಕೂಲಿಗೆ ಬರಲಿಲ್ಲ. ವಯಸ್ಸು ಹೆಚ್ಚು ಹೇಳಿ ದಾರ ಕತ್ತರಿಸುವ ಕೆಲಸಕ್ಕೆ ಸೇರಿದ್ದಳು. ಬೆಳಗ್ಗೆ ಏಳಕ್ಕೆ ಟಿಫನ್ ಡಬ್ಬಿ ಹಿಡಿದು ಅವ್ವನ ಜೊತೆ ಹೋಗುತ್ತಿದ್ದಳು. ನನ್ನನ್ನು ಕಂಡರೆ ನಗುತ್ತಿದ್ದಳು, ನಿಲ್ಲುತ್ತಿರಲಿಲ್ಲ.

ಈಗ ಆ ಮೈದಾನ ಪೂರ್ತಿ ಟ್ಯಾಂಕರುಗಳದ್ದೇ. ಮೇಷ್ಟ್ರು ರಿಟೈರಾಗಿ, ತೀರಿಕೊಂಡೂ ಕೆಲವು ವರ್ಷವಾಯಿತು. ನಾನು ಕೆಂಗೇರಿ ಉಪನಗರದ ಒಂದು ಶಾಲೆಯ ಆಫೀಸಿನಲ್ಲಿದ್ದೇನೆ. ಮಕ್ಕಳ ಫಿಟ್‌ನೆಸ್ ಫಾರಂ ಈಗ ಕಂಪ್ಯೂಟರಿನಲ್ಲೇ ತುಂಬುವುದು. ಎಲ್ಲ ಪ್ರಶ್ನೆಗೂ "ಇಲ್ಲ" ಅನ್ನುವುದು ಮೊದಲೇ ಗುರುತಾಗಿ ಬಂದಿರುತ್ತದೆ, ನಾನು ಬಟನ್ ಒತ್ತಿ ಕಳಿಸುತ್ತೇನೆ. ಬೆಳಗ್ಗೆ ಏನು ತಿಂದು ಬಂದೆ ಅಂತ ಕೇಳುವ ಕಾಲಂ ಆಗಲೂ ಇರಲಿಲ್ಲ, ಈಗಲೂ ಇಲ್ಲ.

ಹೋದ ವರ್ಷ ಮಲ್ಲತ್ತಹಳ್ಳಿಯ ಬಸ್ ಸ್ಟಾಪಿನಲ್ಲಿ ರೇಣು ಸಿಕ್ಕಳು. ಗುರುತು ಹಿಡಿದವಳು ಅವಳೇ. ಮೈ ತುಂಬಿಕೊಂಡಿದ್ದಳು, ಮಂಡಿ ನೋವು ಅಂತ ಕಾಲು ಎಳೆದು ಹಾಕುತ್ತಿದ್ದಳು, ನಿಂತೇ ಮಾಡುವ ಕೆಲಸವಂತೆ. ಜೊತೆಗೆ ಏಳೆಂಟು ವರ್ಷದ ಮಗಳು. ಏನು ಮಾತಾಡುವುದು ತಿಳಿಯದೆ ನಾನು ಪೆದ್ದುಪೆದ್ದಾಗಿ ಕೇಳಿದೆ. "ಅಣ್ಣಮ್ಮ ಮತ್ತೆ ಯಾವತ್ತಾದ್ರೂ ಬಂದಿದ್ಲಾ?"

"ಇಲ್ಲ ಬಿಡು" ಅಂದಳು. "ಈಗ ದಿನಾ ಉಣ್ತೀನಲ್ಲ."

ಅವಳು ಕೊಂಕಿಲ್ಲದೆ ಹೇಳಿದಳು, ನನಗೆ ತಲೆ ಎತ್ತಲಾಗಲಿಲ್ಲ. ಮಗಳು ನನ್ನ ಕೈ ಹಿಡಿದು "ನೀವ್ಯಾರು ಆಂಟಿ?" ಅಂದಳು. ನಿಮ್ಮಮ್ಮ ಹೇಗೆ ಆಡ್ತಿದ್ಳು ಗೊತ್ತಾ ಅಂತ ಶುರು ಮಾಡಿದೆ. ರೇಣು ನಡುವೆ ಬಾಯಿ ಹಾಕಿದಳು. "ಸಾಲ್ಯಾಗ ನನ್ನ ಬಾಜೂಕ ಕೂಡ್ತಿದ್ಲು. ಅಕ್ಷರ ಭಾಳ ಚೊಲೋ ಇತ್ತು." ಆಮೇಲೆ ಕಣ್ಣಿನಲ್ಲೇ ನನಗೆ ಬೇಡ ಅಂದಳು. ಬಸ್ಸು ಬಂತು. ಮಗಳು ಕೈ ಬಿಡಿಸಿಕೊಂಡು ಮುಂದೆ ಹಾರಿದಾಗ "ಓಡಬ್ಯಾಡ, ಬೀಳ್ತಿ" ಅಂತ ಕೂಗಿದಳು.

ರೇಣುಕಾ ಓಡುತ್ತಿದ್ದಳು ಅನ್ನುವುದು ಅವಳ ಈಗಿನ ಮನೆಯಲ್ಲಿ ಯಾರಿಗೂ ಗೊತ್ತಿದ್ದಂತಿಲ್ಲ. ನೋಡಿದ ಮೇಷ್ಟ್ರು ಇಲ್ಲ, ಓಡಿದ ನೆಲ ಇಲ್ಲ, ಉಳಿದ ಹುಡುಗಿಯರು ಎಲ್ಲಿದ್ದಾರೋ. ಅದಕ್ಕೆ ಈಗ ಉಳಿದ ಸಾಕ್ಷಿ ನಾನೊಬ್ಬಳೇ. ನನ್ನ ಸಾಕ್ಷಿಯಿಂದ ಅವಳಿಗೆ ಏನಾಯಿತು ಅನ್ನುವುದನ್ನು ನೀವು ಓದಿದಿರಿ.